ಅಂಡಾಕಾರ, ವಿಲೋಮ ಅಂಡಾಕಾರ

ಪ್ರಶ್ನೆ: ಸಸ್ಯಶಾಸ್ತ್ರದಲ್ಲಿ ದಾಸವಾಳದ ಎಲೆಯನ್ನು ‘ಅಂಡಾಕಾರ’ವೆಂದೂ ಗೇರಿನ ಎಲೆಯನ್ನು ‘ವಿಲೋಮ ಅಂಡಾಕಾರ’ವೆಂದೂ ವರ್ಣಿಸುವುದೇಕೆ?

ಉತ್ತರ: ಬೇಯಿಸಿದ ಕೋಳಿಮೊಟ್ಟೆಯನ್ನು ಉದ್ದಕ್ಕೆ ಸೀಳಿದರೆ ತೋರುವ ಬಾಹ್ಯರೇಖೆಯು ಒಂದು ಕಡೆ ಅಗಲವಾಗಿಯೂ ಮತ್ತೊಂದು ಕಡೆ ಕಿರಿದಾಗಿಯೂ ಇರುವುದಷ್ಟೆ, ಎಲೆಯಲ್ಲಿ ಆ ಅಗಲವಾದ ಭಾಗವು ತೊಟ್ಟಿನ ಕಡೆಗಿದೆಯೋ ತುದಿಯ ಕಡೆಗಿದೆಯೋ ಎಂಬುದನ್ನು ಅನುಸರಿಸಿಯೇ ಸಸ್ಯವಿಜ್ಞಾನಿಗಳು ಈ ವಿಶೇಷಣಗಳನ್ನು ಪ್ರಯೋಗಿಸುತ್ತಾರೆ. ದಾಸವಾಳದ ಎಲೆಯು ತೊಟ್ಟಿನ ಬಳಿ ಹರವಾಗಿದ್ದು ತುದಿಯತ್ತ ಸಾಗಿದಂತೆಲ್ಲ ಚೂಪಾಗುವುದರಿಂದ ಅಂಡಾಕಾರವೆನಿಸುತ್ತದೆ. ಗೇರೆಲೆಯಾದರೋ ತೊಟ್ಟಿನೆಡೆ ಕಿರಿದಾಗಿ, ತುದಿಯತ್ತ ಅಗಲಗೊಂಡು, ದುಂಡಗೆ, ಕೆಲವೊಮ್ಮೆ ಸಣ್ಣ ಕಚ್ಚೊಂದನ್ನು ತೋರಿಸುತ್ತ ಮುಗಿಯುವುದರಿಂದ ವಿಲೋಮ ಅಂಡಾಕಾರವೆನಿಸುತ್ತದೆ. ನಡುಭಾಗವೇ ಅತ್ಯಂತ ಅಗಲವಾಗಿದ್ದು ಎರಡು ಕೊನೆಗಳೂ ಸಮನಾಗಿ ಕಿರಿದಾದಲ್ಲಿ ಅಂತಹ ಎಲೆಯನ್ನು ದೀರ್ಘವೃತ್ತಾಕಾರವೆನ್ನುವುದು ವಾಡಿಕೆ. ಎಲೆಯು ಕೊಂಬೆಯಿಂದ ಜೋತಿರಲಿ, ನೆಟ್ಟಗೆ ನಿಂತಿರಲಿ, ತೊಟ್ಟು ಕೂಡುವ ಕಡೆಯನ್ನೇ ಅದರ ಬುಡವೆಂದು ಪರಿಗಣಿಸತಕ್ಕದ್ದು.