ಬೆಳ್ಳಿತೆರೆಯಿಂದ ಮನೆಯ ತೆರೆಗೆ: ಸಿಲ್ವಿಯಾ ಪಿನಾಲ್

ಹೆಸರಾಂತ ಚಿತ್ರನಟಿಯೊಬ್ಬರು ಕಿರುತೆರೆಗೆ ಬಂದರೆ, 'ಪಾಪ, ಸಿನಿಮಾದಲ್ಲಿ ಅವಕಾಶ ಕಡಿಮೆಯಾಯಿತೇನೋ' ಎಂದು ನಾವು ಅಂದುಕೊಳ್ಳುವುದುಂಟು. ನೀವೂ ಹಾಗೆ ಭಾವಿಸಿದ್ದರೆ ಮೆಕ್ಸಿಕೊದ ಸ್ಪ್ಯಾನಿಷ್ ಭಾಷಾ ಕಲಾವಿದೆ ಸಿಲ್ವಿಯಾ ಪಿನಾಲ್ ಅವರ ಬದುಕನ್ನು ಗಮನಿಸಿ. ಅವರ ಪಾಲಿಗೆ ಟೆಲಿವಿಷನ್ ನಿವೃತ್ತಿಯ ನೆಲೆಯಾಗಿರಲಿಲ್ಲ. ಅದು ಎರಡನೆಯ ಕಾರ್ಯಕ್ಷೇತ್ರವಾಗಿತ್ತು.

1931ರಲ್ಲಿ ಗ್ವಾಯ್ಮಾಸ್ ಎಂಬ ಬಂದರು ಪಟ್ಟಣದಲ್ಲಿ ಹುಟ್ಟಿದ ಪಿನಾಲ್, ರಂಗಭೂಮಿಯಲ್ಲಿ ಪಳಗಿ 1940ರ ದಶಕದ ಕೊನೆಗೆ ಚಿತ್ರರಂಗವನ್ನು ಪ್ರವೇಶಿಸಿದರು. ಮೆಕ್ಸಿಕೊದ ಸಿನಿಮಾಕ್ಕೆ ಅದು ಸುವರ್ಣಕಾಲ. 1956ರ 'ಎಲ್ ಇನೊಸೆಂತೆ' ಎಂಬ ಹಾಸ್ಯಚಿತ್ರದಲ್ಲಿ, ಆಗಿನ ಅತ್ಯಂತ ಜನಪ್ರಿಯ ಗಾಯಕ-ನಟ ಪೆದ್ರೊ ಇನ್ಫಾಂತೆ ಅವರೊಡನೆ ಅಭಿನಯಿಸಿ ಮನೆಮಾತಾದರು.

ಜನಪ್ರಿಯತೆಯೊಂದರಿಂದಲೇ ಅವರಿಗೆ ತೃಪ್ತಿಯಿರಲಿಲ್ಲ. ನಿರ್ದೇಶಕ ಲೂಯಿಸ್ ಬುನ್ಯುಯೆಲ್ ಅವರ ಚಿತ್ರದಲ್ಲಿ ನಟಿಸುವ ಹಂಬಲ ಅವರದು. ಪತಿ ಗುಸ್ತಾವೊ ಅಲಾತ್ರಿಸ್ತೆ ನಿರ್ಮಾಣಕ್ಕೆ ಮುಂದಾದಾಗ ಅದು ಕೈಗೂಡಿತು. ಸ್ಪೇನಿನಲ್ಲಿ ಚಿತ್ರಿತವಾದ 'ವಿರಿದಿಯಾನಾ' 1961ರಲ್ಲಿ ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿಯನ್ನು ಹಂಚಿಕೊಂಡಿತು. ಭಿಕ್ಷುಕರಿಗೆ ಆಶ್ರಯ ಕೊಟ್ಟು, ಅವರಿಂದಲೇ ನೋವುಣ್ಣುವ ಧರ್ಮನಿಷ್ಠ ಯುವತಿಯ ಕಥೆ ಅದು. ವ್ಯಾಟಿಕನ್ ಪತ್ರಿಕೆ ಅದನ್ನು ಖಂಡಿಸಿತು; ಫ್ರಾಂಕೊ ಸರ್ಕಾರ ನಿಷೇಧಿಸಿತು. ಚಿತ್ರದ ಪ್ರತಿಯೊಂದನ್ನು ಸ್ಪೇನಿನಿಂದ ಮೆಕ್ಸಿಕೊಗೆ ಸಾಗಿಸಿ ಉಳಿಸಿಕೊಂಡುದಾಗಿ ಪಿನಾಲ್ ಮುಂದೆ ಹೇಳಿದ್ದಾರೆ. ಸ್ಪೇನಿನ ಜನ ಅದನ್ನು ತಮ್ಮ ದೇಶದಲ್ಲಿ ನೋಡಲು 1977ರವರೆಗೆ ಕಾಯಬೇಕಾಯಿತು. ಬುನ್ಯುಯೆಲ್ ಅವರೊಡನೆ ಪಿನಾಲ್ ಇನ್ನೆರಡು ಚಿತ್ರ ಮಾಡಿದರು: 1962ರ 'ಎಲ್ ಆಂಹೆಲ್ ಎಕ್ಸ್‌ತೆರ್ಮಿನಾದೋರ್' ಮತ್ತು 1965ರ 'ಸಿಮೋನ್ ದೆಲ್ ದೆಸಿಯೆರ್ತೊ'. ಕೊನೆಯದರಲ್ಲಿ ಅವರದು ಸೈತಾನನ ಪಾತ್ರ!

ಇಂಥ ಹಿರಿಮೆಯ ನಟಿ ಕಿರುತೆರೆಯಲ್ಲಿ ಮಾಡಿದ್ದೇನು? 1985ರ ಸೆಪ್ಟೆಂಬರ್ 19ರಂದು ಭೀಕರ ಭೂಕಂಪವೊಂದು ಮೆಕ್ಸಿಕೊ ನಗರವನ್ನು ನಡುಗಿಸಿತು. ಸಾವಿರಾರು ಜನ ಸತ್ತರು. ಆ ಸಂಕಟದ ನಡುವೆ, ಕಳೆದುಹೋದ ಬಂಧುಗಳನ್ನು ಹುಡುಕುವವರಿಗೆ ನೆರವಾಗಲೆಂದು ರೂಪುಗೊಂಡ ಕಾರ್ಯಕ್ರಮವೊಂದು ಮುಂದೆ 'ಹೆಣ್ಣು: ನಿಜ ಜೀವನದ ಪ್ರಕರಣಗಳು' ಎಂಬ ಅರ್ಥದ ಹೆಸರಿನ ಮಾಲಿಕೆಯಾಗಿ ಬೆಳೆಯಿತು. ವೀಕ್ಷಕರು ಪತ್ರ ಬರೆದು ತಮ್ಮ ಕಷ್ಟ ಹೇಳಿಕೊಳ್ಳುತ್ತಿದ್ದರು. ಆ ಪತ್ರಗಳೇ ಕಿರುನಾಟಕಗಳಾಗುತ್ತಿದ್ದವು. ಪಿನಾಲ್ ಅವುಗಳ ನಿರೂಪಕಿ. ಗಂಡನ ಹೊಡೆತ, ಅತ್ಯಾಚಾರ, ಮಕ್ಕಳ ಮೇಲಿನ ದೌರ್ಜನ್ಯ ಮುಂತಾಗಿ ಮನೆಯೊಳಗೇ ಮುಚ್ಚಿಹೋಗುತ್ತಿದ್ದ ಸಂಗತಿಗಳು ಮನೆಯ ತೆರೆಯ ಮೇಲೇ ಕಾಣಿಸಿಕೊಂಡವು. 2007ರವರೆಗೆ, ಎರಡು ದಶಕಗಳಿಗೂ ಮಿಕ್ಕಿ ಈ ಮಾಲಿಕೆ ನಡೆಯಿತು.

ಇಲ್ಲಿ ಮಾಧ್ಯಮದ ಒಂದು ಗುಣವನ್ನು ನೀವು ಗುರುತಿಸಬಹುದು. ಚಿತ್ರಮಂದಿರಕ್ಕೆ ನಾವಾಗಿ ಹೋಗುತ್ತೇವೆ. ಟೆಲಿವಿಷನ್ ತಾನಾಗಿ ನಮ್ಮ ನಡುಮನೆಗೆ ಬರುತ್ತದೆ. ಹೊಡೆದವನೂ ಹೊಡೆತ ತಿಂದವಳೂ ಒಂದೇ ಕೋಣೆಯಲ್ಲಿ ಕುಳಿತು ಅದನ್ನು ನೋಡುತ್ತಿರಬಹುದು. ಅಲ್ಲಿ ಪರಿಚಿತ ಮುಖವೊಂದು 'ಇದು ನಿನ್ನೊಬ್ಬಳ ಕಥೆಯಲ್ಲ' ಎಂಬ ಭಾವ ಮೂಡಿಸಿದರೆ ಅದಕ್ಕೆ ಬೇರೆಯೇ ಬೆಲೆಯಿದೆ. ಅಪಾಯವೂ ಇಲ್ಲದಿಲ್ಲ: ಒಬ್ಬರ ಕಣ್ಣೀರು ಇನ್ನೊಬ್ಬರ ಸಂಜೆಯ ಮನರಂಜನೆಯಾಗಬಹುದು. ಈ ಎರಡರ ನಡುವಿನ ಗೆರೆ ಬಹಳ ತೆಳು.

ಪಿನಾಲ್ 2024ರ ನವೆಂಬರ್ 28ರಂದು, ತಮ್ಮ 93ನೆಯ ವಯಸ್ಸಿನಲ್ಲಿ ನಿಧನರಾದರು. ಚಲನಚಿತ್ರಾಭ್ಯಾಸಿಗಳು ಅವರನ್ನು 'ವಿರಿದಿಯಾನಾ'ದಿಂದ ಬಲ್ಲರು. ಪತ್ರ ಬರೆದ ಹೆಂಗಸರು ಅವರನ್ನು ಬಲ್ಲದ್ದು ಬೇರೆ ಕಾರಣಕ್ಕೆ: ತಮ್ಮ ಮಾತನ್ನು ಯಾರಾದರೂ ಕೇಳಿಯಾರೆಂಬ ಭರವಸೆಗೆ. ಇವೆರಡರಲ್ಲಿ ಯಾವುದು ದೊಡ್ಡ ಪಾತ್ರ? ನೀವೇ ಯೋಚಿಸಿ.