‘ನಮ್ಮ ಹುಡುಗ ಅಂಗಡಿ ಹಾಕ್ತಾನೆ, ಖಾಲಿ ಮಾಡಿ’: ಮಾಲೀಕರು ಹೀಗಂದ್ರೆ ಬಾಡಿಗೆದಾರರು ಏನು ಮಾಡಬೇಕು?

ಬಾಗಲೂರು: 2008ರಲ್ಲಿ ದೇವನಹಳ್ಳಿ ಹತ್ತಿರ ವಿಮಾನ ನಿಲ್ದಾಣ ಶುರುವಾದ ಮೇಲೆ ನಮ್ಮ ಕಡೆ ರಸ್ತೆ ಪಕ್ಕದ ಜಾಗಕ್ಕೆ ಬಂದ ಬೆಲೆ ಎಲ್ಲರಿಗೂ ಗೊತ್ತು. ಬಾಡಿಗೆಗೆ ಕೊಟ್ಟ ಮಳಿಗೆಯಲ್ಲಿ ತಾವೇ ವ್ಯಾಪಾರ ಮಾಡೋಣ ಅಂತ ಮಾಲೀಕರಿಗೆ ಅನಿಸೋದು ಸಹಜ. ಆದರೆ ಹತ್ತು ವರ್ಷ ಅದೇ ಶಟರ್ ಎತ್ತಿ ಗಿರಾಕಿ ಸಂಪಾದಿಸಿದವರಿಗೆ ಅದು ಹೊಟ್ಟೆಪಾಡಿನ ಪ್ರಶ್ನೆ. ಕಾನೂನು ಏನು ಹೇಳುತ್ತೆ? ಉತ್ತರ ನಿಮ್ಮ ಅಂಗಡಿಯ ಅಳತೆಯಿಂದ ಶುರುವಾಗುತ್ತೆ.

14 ಚದರ ಮೀಟರ್ ಲೆಕ್ಕ

ಕರ್ನಾಟಕ ಬಾಡಿಗೆ ಕಾಯ್ದೆ 1999, ಜಾರಿಗೆ ಬಂದಿದ್ದು 2001ರ ಡಿಸೆಂಬರ್ 31ಕ್ಕೆ. ಪ್ಲಿಂತ್ ಏರಿಯಾ 14 ಚದರ ಮೀಟರ್ ಒಳಗಿರುವ ಅಂಗಡಿಗಳಿಗೆ ಮಾತ್ರ ಇದರ ರಕ್ಷಣೆ. ಅಂದ್ರೆ ಸುಮಾರು 150 ಚದರಡಿ. 10x15 ಅಡಿ ಅಂಗಡಿ ಗೆರೆ ಒಳಗೆ, 10x16 ಆದ್ರೆ ಹೊರಗೆ. ಪ್ಲಿಂತ್ ಏರಿಯಾದಲ್ಲಿ ಗೋಡೆಯೂ ಸೇರುತ್ತೆ, ಅಳೆಯುವಾಗ ನೆನಪಿರಲಿ.

ಇನ್ನೂ ಎರಡು ಷರತ್ತು ಇವೆ. ಜಾಗ ಕಾಯ್ದೆಯ ಪಟ್ಟಿಯಲ್ಲಿರೋ ನಗರ ಪ್ರದೇಶಕ್ಕೆ ಸೇರಿರಬೇಕು. ಕಾಯ್ದೆ ಪ್ರಕಾರ ಲೆಕ್ಕ ಹಾಕಿದ ಬಾಡಿಗೆ ದೊಡ್ಡ ನಗರಗಳಲ್ಲಿ ತಿಂಗಳಿಗೆ 3,500 ರೂಪಾಯಿ, ಬೇರೆ ಕಡೆ 2,000 ರೂಪಾಯಿ ಮೀರಿರಬಾರದು. ಹಾಗಾಗಿ ಪಾಲಿಕೆ ವ್ಯಾಪ್ತಿಯ ಅಂಗಡಿಗೂ ಪಂಚಾಯಿತಿ ವ್ಯಾಪ್ತಿಯ ಅಂಗಡಿಗೂ ಲೆಕ್ಕ ಬೇರೆ ಆಗಬಹುದು. ವಕೀಲರ ಹತ್ತಿರ ಮೊದಲು ಇದನ್ನೇ ಕೇಳಿ.

ಕಾಯ್ದೆ ಒಳಗೆ ಬಂದರೆ

ಕಲಂ 27(2)(ಆರ್) ಪ್ರಕಾರ ಮಾಲೀಕರು ಎರಡು ವಿಷಯ ತೋರಿಸಬೇಕು: ಜಾಗ ತಮಗೆ ಅಥವಾ ಮನೆಯವರಿಗೆ ನಿಜವಾಗಿಯೂ ಬೇಕು, ತಮಗೆ ಸರಿಹೊಂದುವ ಬೇರೆ ಜಾಗ ಇಲ್ಲ. ಪಕ್ಕದಲ್ಲೇ ಅವರ ಇನ್ನೊಂದು ಮಳಿಗೆ ಖಾಲಿ ಬಿದ್ದಿದ್ರೆ ಅದನ್ನ ಕೋರ್ಟ್ ಗಮನಕ್ಕೆ ತರಬೇಕಾದವರು ನೀವು. ಅಗತ್ಯ ಪ್ರಾಮಾಣಿಕವಾಗಿರಬೇಕು, ಬಾಡಿಗೆದಾರನನ್ನು ಎಬ್ಬಿಸೋಕೆ ನೆಪ ಆಗಬಾರದು ಅಂತ ಸುಪ್ರೀಂ ಕೋರ್ಟ್ 1999ರಲ್ಲಿ ಶಿವ್ ಸರೂಪ್ ಗುಪ್ತಾ ಪ್ರಕರಣದಲ್ಲಿ ಹೇಳಿದೆ. ಆದರೆ ಅಗತ್ಯ ನಿಜ ಅಂತ ಸಾಬೀತಾದ್ರೆ, ಯಾವ ಜಾಗ ಅನುಕೂಲ ಅನ್ನೋದನ್ನ ಮಾಲೀಕರಿಗೆ ಬಾಡಿಗೆದಾರ ಹೇಳಿಕೊಡೋಕೆ ಆಗಲ್ಲ.

ಹಿರಿಯರು ಹೇಳೋ ‘ಯಾರಿಗೆ ಹೆಚ್ಚು ಕಷ್ಟ ಅಂತ ಕೋರ್ಟ್ ನೋಡುತ್ತೆ’ ಅನ್ನೋ ಮಾತು ಹಳೇ 1961ರ ಕಾಯ್ದೆಯದ್ದು. ಈಗ ಅದನ್ನ ನಂಬಿ ಕೂರಬೇಡಿ.

ದೊಡ್ಡ ಅಂಗಡಿ ಆದರೆ

ಇಲ್ಲಿ 1882ರ ಆಸ್ತಿ ವರ್ಗಾವಣೆ ಕಾಯ್ದೆ ಅನ್ವಯ. ಅಗ್ರಿಮೆಂಟ್ ಅವಧಿ ಮುಗಿದು ತಿಂಗಳ ಬಾಡಿಗೆ ಮೇಲೆ ನಡೀತಿದ್ರೆ, ಕಲಂ 106ರಂತೆ 15 ದಿನದ ನೋಟಿಸ್ ಸಾಕು. ಮಗನಿಗೆ ಅಂಗಡಿ ಬೇಕು ಅಂತ ಕಾರಣ ಕೊಡೋ ಅಗತ್ಯವೂ ಮಾಲೀಕರಿಗಿಲ್ಲ. ನಮ್ಮಲ್ಲಿ ಬಹಳಷ್ಟು ಜನ 11 ತಿಂಗಳ ಪತ್ರ ಮಾಡಿಸಿ ಮರೆತುಬಿಡ್ತಾರೆ. ಪೆಟ್ಟು ಬೀಳೋದು ಇಲ್ಲೇ. ಹೆಚ್ಚು ವರ್ಷ ಭದ್ರತೆ ಬೇಕಿದ್ರೆ ನೋಂದಾಯಿತ ಲೀಸ್ ಮಾಡಿಸಿ. ವರ್ಷಕ್ಕಿಂತ ಹೆಚ್ಚಿನ ಲೀಸ್‌ಗೆ ನೋಂದಣಿ ಕಡ್ಡಾಯ.

ಬೀಗ ಹಾಕಿದ್ರೆ?

ನೋಟಿಸ್ ಅವಧಿ ಮುಗಿದರೂ ಮಾಲೀಕರು ತಾವೇ ಬೀಗ ಜಡಿಯೋದು, ಸಾಮಾನು ಹೊರಗೆ ಹಾಕೋದು ಸರಿಯಲ್ಲ. ಕೋರ್ಟ್ ಆದೇಶ ಬೇಕು. ಬಲವಂತವಾಗಿ ಹೊರಹಾಕಿದ್ರೆ ನಿರ್ದಿಷ್ಟ ಪರಿಹಾರ ಕಾಯ್ದೆಯ ಕಲಂ 6ರ ಅಡಿ 6 ತಿಂಗಳೊಳಗೆ ದಾವೆ ಹಾಕಿ ಸ್ವಾಧೀನ ವಾಪಸ್ ಕೇಳಬಹುದು.

ಬಾಡಿಗೆದಾರರೂ ಬಾಡಿಗೆ ನಿಲ್ಲಿಸಬೇಡಿ. ಬ್ಯಾಂಕ್ ಅಥವಾ ಯುಪಿಐ ಮೂಲಕವೇ ಕಟ್ಟಿ, ಅಡ್ವಾನ್ಸ್ ಕೊಟ್ಟ ರಸೀದಿ ಜೋಪಾನ ಮಾಡಿ. ಲಾಯರ್ ನೋಟಿಸ್ ಬಂದ್ರೆ ಉತ್ತರ ಕೊಡದೆ ಸುಮ್ಮನಿರಬೇಡಿ. ಹೋಗಲೇಬೇಕು ಅನ್ನೋ ಸ್ಥಿತಿ ಬಂದರೂ, ಅಡ್ವಾನ್ಸ್ ಯಾವಾಗ ವಾಪಸ್, ಎಷ್ಟು ತಿಂಗಳು ಟೈಮು ಅನ್ನೋದನ್ನ ಬಾಯಿಮಾತಲ್ಲಿ ಬಿಡದೆ ಬರಹದಲ್ಲಿ ಮಾಡ್ಕೊಳ್ಳಿ.