ಕೊಟ್ಟಿಗೆಗೆ ಬಂದ ತಳಿವಿಜ್ಞಾನ: ಸುಧಾರಣೆ ಯಾರಿಗಾಗಿ?

ಹಸು ಬೆದೆಗೆ ಬಂದರೆ ಊರ ಹೋರಿಯನ್ನು ಅರಸಿ ಹೋಗುತ್ತಿದ್ದ ಕಾಲ ಬಹುಮಟ್ಟಿಗೆ ಮುಗಿದಿದೆ. ಇಂದು ಪಶುವೈದ್ಯ ಆಸ್ಪತ್ರೆಗೆ ಒಂದು ಕರೆ ಮಾಡಿದರೆ ಸಾಕು. ಶೂನ್ಯಕ್ಕಿಂತ 196 ಡಿಗ್ರಿ ಕೆಳಗಿನ ದ್ರವ ಸಾರಜನಕದಲ್ಲಿ ಕಾಪಿಟ್ಟ ವೀರ್ಯದ ಕಡ್ಡಿ ಕೊಟ್ಟಿಗೆಯ ಬಾಗಿಲಿಗೇ ಬರುತ್ತದೆ. ಆ ಕಡ್ಡಿಯ ಹಿಂದಿರುವ ಹೋರಿ ಯಾವುದು, ಅದರ ಗುಣದೋಷಗಳೇನು ಎಂದು ಕೇಳುವ ರೂಢಿ ನಮ್ಮಲ್ಲಿ ಕಡಿಮೆ. ಈಗಲಾದರೂ ಕೇಳಬೇಕಾಗಿದೆ. ಹೆಣ್ಣು ಕರುವೇ ಹುಟ್ಟುವಂತೆ ಬೇರ್ಪಡಿಸಿದ ವೀರ್ಯ, ಎಳೆಗರುವಿನಲ್ಲೇ ಗುಣವನ್ನು ಅಳೆಯುವ ಡಿ.ಎನ್.ಎ. ಚಿಪ್, ತದ್ರೂಪಿ ಕರು, ವಂಶವಾಹಿಯ ತಿದ್ದುಪಡಿ ಇವೆಲ್ಲ ಈಗ ದೂರದ ಮಾತುಗಳಲ್ಲ. 2024ರ ಅಕ್ಟೋಬರ್‌ನಲ್ಲಿ ಕೇಂದ್ರ ಸರಕಾರವೇ ದೇಶೀಯ ಜಾನುವಾರು ಚಿಪ್ಪನ್ನೂ ಲಿಂಗ ಬೇರ್ಪಡಿಸಿದ ವೀರ್ಯದ ದೇಶೀಯ ತಂತ್ರವನ್ನೂ ಬಿಡುಗಡೆ ಮಾಡಿತು.

ಈ ವಿಷಯದಲ್ಲಿ ನಮ್ಮ ಸಂವಿಧಾನಕ್ಕೆ ಒಂದು ನಿಲುವಿದೆ. 48ನೆಯ ಅನುಚ್ಛೇದವೆಂದೊಡನೆ ಎಲ್ಲರಿಗೂ ನೆನಪಾಗುವುದು ಗೋಹತ್ಯೆಯ ವಿವಾದ. ಆದರೆ ಅದೇ ವಾಕ್ಯದ ಮೊದಲ ಭಾಗವನ್ನು ಓದುವವರು ವಿರಳ. ಪಶುಸಂಗೋಪನೆಯನ್ನು ಆಧುನಿಕ, ವೈಜ್ಞಾನಿಕ ರೀತಿಯಲ್ಲಿ ನಡೆಸಬೇಕು, ತಳಿಗಳನ್ನು ಸಂರಕ್ಷಿಸಬೇಕು ಮತ್ತು ಸುಧಾರಿಸಬೇಕು ಎಂದು ಅದು ರಾಜ್ಯಕ್ಕೆ ನಿರ್ದೇಶಿಸುತ್ತದೆ. ಇದು ನ್ಯಾಯಾಲಯದ ಮೂಲಕ ಜಾರಿಗೊಳಿಸಬಹುದಾದ ಹಕ್ಕಲ್ಲ. ಆಡಳಿತಕ್ಕೆ ದಾರಿ ತೋರುವ ತತ್ತ್ವ. ಸಂರಕ್ಷಣೆ, ಸುಧಾರಣೆ ಎಂಬ ಎರಡು ಪದಗಳನ್ನು ಅಲ್ಲಿ ಜೋಡಿಸಿಯೇ ಇಟ್ಟಿದ್ದಾರೆ. ಒಂದನ್ನು ಹಿಡಿದು ಇನ್ನೊಂದನ್ನು ಕೈಬಿಟ್ಟಾಗ ಏನಾಗುತ್ತದೆಂಬುದಕ್ಕೆ ಕೇರಳವೇ ಸಾಕ್ಷಿ.

ಒಂದೇ ಪದವನ್ನು ಹಿಡಿದ ಕಾಲ

ಬೇಕಾದ ಗುಣವನ್ನು ಆರಿಸಿ ಬೆಳೆಸುವುದು ಹೊಸ ವಿದ್ಯೆಯೇನೂ ಅಲ್ಲ. ಮೈಸೂರಿನ ಚಿಕ್ಕದೇವರಾಜ ಒಡೆಯರ ಕಾಲದ ‘ಬೆಣ್ಣೆ ಚಾವಡಿ’ಯನ್ನು ಟಿಪ್ಪು ಸುಲ್ತಾನ್ ‘ಅಮೃತ ಮಹಲ್’ ಎಂದು ಕರೆದನು. ಸೈನ್ಯದ ಸರಂಜಾಮು ಎಳೆಯುವ ಎತ್ತುಗಳಿಗಾಗಿ ಕಾವಲುಗಳಲ್ಲಿ ಬೆಳೆಸಿದ ಆ ತಳಿ, ಎಳೆಯುವ ಕೆಲಸವೂ ಕಾವಲುಗಳೂ ಕುಗ್ಗಿದಂತೆ ತಾನೂ ಕುಗ್ಗಿತು. ತಳಿಯ ಆಯುಸ್ಸು ನಮ್ಮ ಉಪಯೋಗದ ಲೆಕ್ಕಕ್ಕೆ ಕಟ್ಟುಬಿದ್ದಿದೆ ಎಂಬುದನ್ನು ಅದು ಆಗಲೇ ತೋರಿಸಿತ್ತು.

ಕೇರಳದಲ್ಲಿ ಆ ಲೆಕ್ಕಕ್ಕೆ ಕಾನೂನಿನ ಬಲ ದೊರೆಯಿತು. 1960ರ ದಶಕದ ಜಾನುವಾರು ಅಭಿವೃದ್ಧಿ ಕಾನೂನಿನಂತೆ ಪರವಾನಿಗೆಯಿಲ್ಲದೆ ಬಿತ್ತನೆ ಹೋರಿಯನ್ನು ಇಟ್ಟುಕೊಳ್ಳುವಂತಿರಲಿಲ್ಲ. ನಾಟಿ ಹೋರಿಗಳ ಬೀಜ ಒಡೆಯಲಾಯಿತು. 1963ರಲ್ಲಿ ಮಾಟ್ಟುಪ್ಪೆಟ್ಟಿಯಲ್ಲಿ ಇಂಡೋ–ಸ್ವಿಸ್ ಯೋಜನೆ ಆರಂಭವಾಯಿತು. ಬ್ರೌನ್ ಸ್ವಿಸ್ ಹೋರಿಗಳನ್ನೂ ಊರ ಹಸುಗಳನ್ನೂ ಕೂಡಿಸಿದ್ದರಿಂದ ‘ಸುನಂದಿನಿ’ ಎಂಬ ಮಿಶ್ರತಳಿ ರೂಪುಗೊಂಡಿತು. ಇದರ ಫಲವನ್ನು ಅಲ್ಲಗಳೆಯುವುದು ಕೃತಘ್ನತೆಯಾದೀತು. ಹಾಲಿನ ಸೊಸೈಟಿಯಿಂದ ಬಂದ ಹಣದಲ್ಲಿ ಮಕ್ಕಳನ್ನು ಓದಿಸಿದ ಮನೆಗಳು ವಯನಾಡಿನಲ್ಲೂ ಕಾಸರಗೋಡಿನಲ್ಲೂ ಎಷ್ಟೋ ಇವೆ.

ಆದರೆ ಇನ್ನೊಂದು ಬದಿಯ ಲೆಕ್ಕವನ್ನು ಯಾರೂ ಬರೆದಿಡಲಿಲ್ಲ. ಕೋಟ್ಟಯಂ ಜಿಲ್ಲೆಯ ವೆಚ್ಚೂರು ಹಸು, ಸುಮಾರು 90 ಸೆಂಟಿಮೀಟರ್ ಎತ್ತರದ ಪುಟ್ಟ ತಳಿ, ಅಳಿವಿನ ಅಂಚಿಗೆ ಬಂದಿತ್ತು. 1989ರಲ್ಲಿ ಮಣ್ಣುತ್ತಿಯ ಕೃಷಿ ವಿಶ್ವವಿದ್ಯಾಲಯದ ಪ್ರಾಧ್ಯಾಪಕಿ ಡಾ. ಸೋಸಮ್ಮ ಐಪ್ ಅವರು ತಮ್ಮ ವಿದ್ಯಾರ್ಥಿಗಳೊಡನೆ ಊರೂರು ಅಲೆದು ಉಳಿದ ಕೆಲವೇ ಹಸುಗಳನ್ನು ಹುಡುಕಿ ತಂದರು; ಆ ಪ್ರಯತ್ನದಿಂದಲೇ ತಳಿ ಇಂದು ಉಳಿದಿದೆ. 2022ರಲ್ಲಿ ಅವರಿಗೆ ಪದ್ಮಶ್ರೀ ಗೌರವ ಸಂದಿತು. ನಮ್ಮ ಕಾಸರಗೋಡು ಗಿಡ್ಡ ಹಸುವಿಗೂ ಬದಿಯಡ್ಕ ಸಮೀಪದ ಬೇಳದಲ್ಲಿ ಸರಕಾರಿ ಸಂರಕ್ಷಣಾ ಕೇಂದ್ರ ಬೇಕಾಯಿತು. ಹಿಂದೆ ಹಟ್ಟಿ ಹಟ್ಟಿಯಲ್ಲಿ ತಾನಾಗಿ ಬಾಳುತ್ತಿದ್ದ ಪ್ರಾಣಿಗೆ ಈಗ ಸರಕಾರದ ಆಶ್ರಯ ಬೇಕು.

ಇದು ಕೇವಲ ಭಾವುಕತೆಯ ಮಾತಲ್ಲ. ಸುಲ್ತಾನ್ ಬತ್ತೇರಿಯಿಂದ ಗುಂಡ್ಲುಪೇಟೆಗೆ ಹೋಗುವ ಹೆದ್ದಾರಿಯಲ್ಲಿ, ಕರ್ನಾಟಕದ ಗಡಿಗೆ ಮೊದಲು ಸಿಗುವ ಪೊನ್ಕುಳಿಯಂಥ ಕಾಡಂಚಿನ ಊರನ್ನು ನೋಡಿ. ಇಲ್ಲಿ ಹಸು ನಡೆದು ಮೇಯಬೇಕು, ಒರಟು ಹುಲ್ಲನ್ನು ಅರಗಿಸಬೇಕು, ಉಣ್ಣೆಯ ಕಾಟವನ್ನೂ ಮಳೆಗಾಲದ ಥಂಡಿಯನ್ನೂ ತಾಳಬೇಕು. ದಿನಕ್ಕೆ ಹತ್ತು ಲೀಟರ್ ಕೊಡುವ ಹಸುವಿಗೆ ಹಿಂಡಿ, ಹಸಿಮೇವು, ಔಷಧಿ ಎಲ್ಲವನ್ನೂ ಕೊಟ್ಟಿಗೆಗೇ ಒದಗಿಸಬೇಕು. ಅದಕ್ಕೆ ಹಣವಿಲ್ಲದ ಮನೆಗೆ ಎರಡು ಲೀಟರ್ ಕೊಡುವ ನಾಟಿ ಹಸುವೇ ಲಾಭದಾಯಕವಾಗಬಹುದು. ಯಾವುದು ಉತ್ತಮ ತಳಿ ಎಂಬ ಪ್ರಶ್ನೆಗೆ ಪ್ರಯೋಗಾಲಯವೊಂದೇ ಉತ್ತರ ಹೇಳಲಾರದು. ಹುಲ್ಲು, ಮಳೆ, ಮನೆಯ ಹಣದ ಗಂಟು ಇವೂ ಹೇಳಬೇಕು.

ಮೂರು ಒರೆಗಲ್ಲುಗಳು

ಹೊಸ ತಂತ್ರಗಳನ್ನೆಲ್ಲ ‘ಪ್ರಕೃತಿವಿರುದ್ಧ’ವೆಂದು ತಳ್ಳಿಹಾಕುವುದು ಸುಲಭ. ಹಾಗೆಂದರೆ ಕೃತಕ ಗರ್ಭಧಾರಣೆಯನ್ನೂ ತಳ್ಳಬೇಕಾಗುತ್ತದೆ. ಅದಕ್ಕಿಂತ ಮೂರು ಪ್ರಶ್ನೆಗಳಿಂದ ಒಂದೊಂದನ್ನೂ ಒರೆಗೆ ಹಚ್ಚುವುದು ಮೇಲು.

ಮೊದಲನೆಯದು, ಪ್ರಾಣಿಗೆ ಏನಾಗುತ್ತದೆ? 1996ರಲ್ಲಿ ಸ್ಕಾಟ್ಲೆಂಡಿನಲ್ಲಿ ತದ್ರೂಪಿ ಕುರಿ ಡಾಲಿ ಹುಟ್ಟಿದ್ದು 277 ಪ್ರಯತ್ನಗಳಲ್ಲಿ ಒಂದು ಫಲಿಸಿದಾಗ. ಕರ್ನಾಲಿನ ರಾಷ್ಟ್ರೀಯ ಡೇರಿ ಸಂಶೋಧನಾ ಸಂಸ್ಥೆಯಲ್ಲಿ 2009ರ ಫೆಬ್ರವರಿಯಲ್ಲಿ ಹುಟ್ಟಿದ ತದ್ರೂಪಿ ಎಮ್ಮೆಗರು ಕೆಲವೇ ದಿನಗಳಲ್ಲಿ ಅಸುನೀಗಿತು. ಅದೇ ವರ್ಷ ಜೂನ್‌ನಲ್ಲಿ ಹುಟ್ಟಿದ ‘ಗರಿಮಾ’ ಎರಡು ವರ್ಷ ಬದುಕಿತು. 2023ರ ಮಾರ್ಚ್‌ನಲ್ಲಿ ಅಲ್ಲಿಯೇ ಗಿರ್ ತಳಿಯ ತದ್ರೂಪಿ ಕರು ‘ಗಂಗಾ’ ಜನಿಸಿತು. ವಿಜ್ಞಾನದ ದೃಷ್ಟಿಯಿಂದ ಇವು ಸಾಧನೆಗಳೇ. ಆದರೆ ಒಂದು ಕರು ಹುಟ್ಟುವುದಕ್ಕೆ ಎಷ್ಟು ಗರ್ಭಗಳು ಕಳೆದುಹೋದವು, ಬಾಡಿಗೆ ತಾಯಂದಿರು ಏನನ್ನು ಅನುಭವಿಸಿದರು ಎಂಬುದೂ ಆ ಸಾಧನೆಯ ಬೆಲೆಯಲ್ಲಿ ಸೇರಬೇಕು. ಹಸಿವು, ಅಸೌಖ್ಯ, ನೋವು, ಭೀತಿಗಳಿಂದ ಮುಕ್ತಿ ಮತ್ತು ಸಹಜ ವರ್ತನೆಯ ಅವಕಾಶ ಎಂಬ ಪ್ರಾಣಿಗಳ ಐದು ಸ್ವಾತಂತ್ರ್ಯಗಳನ್ನು ಸರ್ವೋಚ್ಚ ನ್ಯಾಯಾಲಯವು 2014ರ ಜಲ್ಲಿಕಟ್ಟು ತೀರ್ಪಿನಲ್ಲಿ ಎತ್ತಿಹಿಡಿಯಿತು. 2023ರಲ್ಲಿ ಸಂವಿಧಾನ ಪೀಠವು ರಾಜ್ಯಗಳ ತಿದ್ದುಪಡಿ ಕಾನೂನುಗಳನ್ನು ಮಾನ್ಯ ಮಾಡಿದರೂ, ತಳಿ ಕಾರ್ಯಕ್ಕೆ ಆ ಐದೂ ಇಂದಿಗೂ ಒಳ್ಳೆಯ ಅಳತೆಗೋಲು.

ಎರಡನೆಯದು, ವೈವಿಧ್ಯಕ್ಕೆ ಏನಾಗುತ್ತದೆ? ಅಮೆರಿಕದಲ್ಲಿ 1962ರಲ್ಲಿ ‘ಚೀಫ್’ ಎಂಬ ಹೋಲ್‌ಸ್ಟೀನ್ ಹೋರಿ ಹುಟ್ಟಿತು. ಅದರ ಹೆಣ್ಣುಮಕ್ಕಳು ಹೇರಳವಾಗಿ ಹಾಲು ಕೊಟ್ಟವು. ಆದ್ದರಿಂದ ಅದಕ್ಕೆ 16,000ಕ್ಕೂ ಹೆಚ್ಚು ಹೆಣ್ಣುಮಕ್ಕಳಾದವು. ಅದರ ರಕ್ತದಲ್ಲಿ ಅಡಗಿದ್ದ ಒಂದು ದೋಷ ದಶಕಗಳ ಬಳಿಕ ಬೆಳಕಿಗೆ ಬಂತು: ತಾಯಿ, ತಂದೆ ಇಬ್ಬರಿಂದಲೂ ಆ ದೋಷ ಬಂದರೆ ಭ್ರೂಣ ಗರ್ಭದಲ್ಲೇ ಸಾಯುತ್ತದೆ. ಇದರಿಂದ ಜಗತ್ತಿನಾದ್ಯಂತ ಸುಮಾರು ಐದು ಲಕ್ಷ ಗರ್ಭಗಳು ಬಿದ್ದುಹೋದುವೆಂದು ವಿಜ್ಞಾನಿಗಳು ಅಂದಾಜಿಸಿದ್ದಾರೆ. ಆ ದೋಷವನ್ನು ಪತ್ತೆಹಚ್ಚಿದ್ದೂ ತಳಿವಿಜ್ಞಾನವೇ ಎಂಬುದನ್ನು ಮರೆಯಬಾರದು. ವಿದ್ಯೆ ಒಂದೇ, ಒಂದೇ ಹೋರಿಯ ಮೇಲೆ ಎಲ್ಲ ಭಾರ ಹೊರಿಸಿದಾಗ ಅದು ಹಾನಿ ಮಾಡಿತು, ಹೋರಿಗಳನ್ನು ಪರೀಕ್ಷಿಸಿ ಆರಿಸಿದಾಗ ಕಾಪಾಡಿತು.

ಮೂರನೆಯದು, ಸಾಕುವವನಿಗೆ ಏನಾಗುತ್ತದೆ? ಲಿಂಗ ಬೇರ್ಪಡಿಸಿದ ವೀರ್ಯವನ್ನು ಬಳಸಿದರೆ ನೂರಕ್ಕೆ ಸುಮಾರು ತೊಂಬತ್ತು ಹೆಣ್ಣು ಕರುಗಳು. ಯಾರಿಗೂ ಬೇಡವಾಗಿ ಹಸಿವಿನಿಂದ ಸಾಯುವ ಗಂಡು ಕರುಗಳ ಸಂಖ್ಯೆ ತಗ್ಗುವುದಾದರೆ ಅದೂ ದಯೆಯ ಕೆಲಸವೇ. ಆದರೆ ಸಾಮಾನ್ಯ ವೀರ್ಯಕ್ಕಿಂತ ಇದರಲ್ಲಿ ಗಬ್ಬ ನಿಲ್ಲುವ ಪ್ರಮಾಣ ಕೊಂಚ ಕಡಿಮೆ. ಇದನ್ನು ಮೊದಲೇ ತಿಳಿಸಿ, ರೈತನ ಒಪ್ಪಿಗೆ ಪಡೆದು ಬಳಸುವುದು ಧರ್ಮ.

ಕಾನೂನಿನ ಬಿರುಕು

ಅಮೆರಿಕದಲ್ಲಿ ವಂಶವಾಹಿಯನ್ನು ತಿದ್ದಿ ಕೊಂಬಿಲ್ಲದ ಕರುಗಳನ್ನು ಹುಟ್ಟಿಸಿದರು. ಕೊಂಬು ಸುಡುವ ನೋವು ತಪ್ಪಲೆಂಬ ಉದ್ದೇಶ ಒಳ್ಳೆಯದೇ. ಆದರೆ 2019ರಲ್ಲಿ ಅಲ್ಲಿನ ಸರಕಾರಿ ವಿಜ್ಞಾನಿಗಳು ಪರಿಶೀಲಿಸಿದಾಗ ಬ್ಯಾಕ್ಟೀರಿಯಾದ ಡಿ.ಎನ್.ಎ. ಕೂಡ ಆ ಪ್ರಾಣಿಗಳಲ್ಲಿ ಸೇರಿಕೊಂಡಿದ್ದುದು ಕಂಡುಬಂತು; ಪ್ರತಿಜೀವಕ ಔಷಧಿಯನ್ನು ತಡೆಯುವ ವಂಶವಾಹಿಗಳೂ ಅದರಲ್ಲಿದ್ದವು. ತಿದ್ದಿದವರೇ ಕೊಡುವ ಪ್ರಮಾಣಪತ್ರ ಸಾಲದು, ಹೊರಗಿನವರ ಪರಿಶೀಲನೆ ಬೇಕೆಂಬುದಕ್ಕೆ ಬೇರೆ ನಿದರ್ಶನ ಬೇಡ.

ನಮ್ಮಲ್ಲಿ ಪರಿಸರ ಸಂರಕ್ಷಣಾ ಕಾಯಿದೆಯ ಅಡಿಯ 1989ರ ನಿಯಮಗಳು ಇಂಥ ಜೀವಿಗಳನ್ನು ನಿಯಂತ್ರಿಸುತ್ತವೆ. ಹೊರಗಿನ ವಂಶವಾಹಿಯನ್ನು ಸೇರಿಸದೆ ತಿದ್ದಿದ ಗಿಡಗಳಿಗೆ 2022ರ ಮಾರ್ಚ್‌ನಲ್ಲಿ ಕೆಲವು ನಿಯಮಗಳಿಂದ ವಿನಾಯಿತಿ ದೊರೆಯಿತು. 2025ರ ಮೇ ತಿಂಗಳಲ್ಲಿ ಅಂಥ ಎರಡು ಭತ್ತದ ತಳಿಗಳೂ ಪ್ರಕಟವಾದವು. ಆ ವಿನಾಯಿತಿ ಗಿಡಗಳಿಗೆ ಮಾತ್ರ. ನಾಳೆ ಪ್ರಾಣಿಗಳಿಗೂ ಅದೇ ದಾರಿ ತೆರೆಯಬೇಕೆಂಬ ಒತ್ತಾಯ ಬಂದರೆ, ನೋವರಿಯುವ ಜೀವಕ್ಕೆ ಬೇರೆಯೇ ಅಳತೆ ಬೇಕೆಂದು ಹೇಳಲು ನಾವು ಸಿದ್ಧರಿರಬೇಕು.

ಇನ್ನೊಂದು ಕೊರತೆಯಿದೆ. ಬೀಜವನ್ನು ಉಳಿಸಿ, ಬಿತ್ತಿ, ಹಂಚಿಕೊಳ್ಳುವ ಹಕ್ಕನ್ನು 2001ರ ಕಾಯಿದೆ ರೈತನಿಗೆ ಕೊಟ್ಟಿದೆ. ತಲೆಮಾರುಗಳಿಂದ ಗಿಡ್ಡ ಹಸುವನ್ನು ಕಾಪಾಡಿದವನಿಗೆ ಅದಕ್ಕೆ ಸಮನಾದ ಕಾಯಿದೆಯಿಲ್ಲ. ಪ್ರಾಣಿಗಳಿಗೆ ಪೇಟೆಂಟ್ ಕೊಡಲಾಗದೆಂದು ಪೇಟೆಂಟ್ ಕಾಯಿದೆಯ 3ನೆಯ ಪ್ರಕರಣ ಹೇಳುವುದೊಂದು ಸಮಾಧಾನ. ಆದರೆ ಪೇಟೆಂಟ್ ಇಲ್ಲವೆಂಬುದು ಸಾಕುವವನ ಹಕ್ಕನ್ನು ಗುರುತಿಸಿದಂತಾಗದು.

ನಮ್ಮ ಕೈಯಲ್ಲಿರುವುದು

ವಯನಾಡಿನ ಪೂಕೋಡಿನಲ್ಲಿಯೇ 2010ರಲ್ಲಿ ಸ್ಥಾಪಿತವಾದ ಪಶುವೈದ್ಯ ವಿಶ್ವವಿದ್ಯಾಲಯವಿದೆ. ಕೇಳಿ ತಿಳಿಯಬೇಕೆಂದರೆ ಜಾಗ ದೂರವಿಲ್ಲ. ಮುಂದಿನ ಬಾರಿ ಕಡ್ಡಿ ಬಂದಾಗ ಹೋರಿಯ ತಳಿಯನ್ನೂ ಸಂಖ್ಯೆಯನ್ನೂ ಕೇಳಿ ಬರೆದಿಡೋಣ. ತಾಯಿಗೂ ಮಗಳಿಗೂ ಒಂದೇ ಹೋರಿಯ ಕಡ್ಡಿ ಬೀಳದಂತೆ ನೋಡಿಕೊಳ್ಳೋಣ. ಗಿಡ್ಡ ಹಸುವಿಗೆ ದೊಡ್ಡ ತಳಿಯ ಕಡ್ಡಿ ಹಾಕಿದರೆ ಈಯುವಾಗ ಕಷ್ಟವಾದೀತೇ ಎಂದು ವೈದ್ಯರನ್ನು ವಿಚಾರಿಸೋಣ.

ಮಕ್ಕಳಿಗೂ ಒಂದು ಕೆಲಸವಿದೆ. 2002ರ ಜೀವವೈವಿಧ್ಯ ಕಾಯಿದೆಯಂತೆ ಪ್ರತಿ ಪಂಚಾಯತಿನಲ್ಲೂ ಜೀವವೈವಿಧ್ಯ ನಿರ್ವಹಣಾ ಸಮಿತಿ ಇರಬೇಕು; ಅದು ಊರಿನ ಸಸ್ಯ, ಪ್ರಾಣಿ, ತಿಳಿವಳಿಕೆಗಳ ದಾಖಲೆ ಪುಸ್ತಕವನ್ನು ಸಿದ್ಧಪಡಿಸಬೇಕು. ಕನ್ನಡ ಶಾಲೆಯ ಮಕ್ಕಳು ತಮ್ಮ ಅಜ್ಜ ಅಜ್ಜಿಯರನ್ನು ಕೇಳಿ, ಹಿಂದೆ ಹಟ್ಟಿಯಲ್ಲಿದ್ದ ದನಗಳ ಬಣ್ಣ, ಕೊಂಬು, ಗುಣ, ಅವುಗಳನ್ನು ಕರೆಯುತ್ತಿದ್ದ ಹೆಸರುಗಳನ್ನು ಬರೆದು ಆ ಪುಸ್ತಕಕ್ಕೆ ಸೇರಿಸಲಿ. ದಾಖಲೆಯಲ್ಲಿ ಹೆಸರೇ ಇಲ್ಲದ ತಳಿ ಕಳೆದುಹೋದರೆ ಕಳೆದುಹೋಯಿತೆಂದು ದೂರುವುದಕ್ಕೂ ಆಧಾರವಿರುವುದಿಲ್ಲ. ಸಂವಿಧಾನ ಜೋಡಿಸಿಟ್ಟ ಎರಡು ಪದಗಳಲ್ಲಿ ‘ಸುಧಾರಣೆ’ಯನ್ನು ಸರಕಾರವೂ ಸಂಸ್ಥೆಗಳೂ ನೋಡಿಕೊಳ್ಳುತ್ತಿವೆ. ‘ಸಂರಕ್ಷಣೆ’ಯ ಮೊದಲ ಸಾಲನ್ನು ನಮ್ಮ ಮಕ್ಕಳು ಕನ್ನಡದಲ್ಲಿಯೇ ಬರೆಯಬಹುದು.